ಕನಸಿನಿಂದ ಎಬ್ಬಿಸುವ ಹಕ್ಕು

ನಿದ್ದೆ ಮಾಡುತ್ತಿರುವವರನ್ನು ಥಟ್ಟನೆ ಎಬ್ಬಿಸಬಾರದೆಂದು ನಮ್ಮ ಮನೆಯ ಹಿರಿಯರು ಹೇಳುತ್ತಿದ್ದರು. ವಾಚಕರ ಮನೆಗಳಲ್ಲೂ ಹೇಳಿರಬಹುದು. ಅಜ್ಜಿಯರ ಈ ಬುದ್ಧಿವಾದಕ್ಕೆ ಉಪನಿಷತ್ತಿನ ಆಧಾರವುಂಟೆಂದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ. ಬೃಹದಾರಣ್ಯಕದಲ್ಲಿ ಯಾಜ್ಞವಲ್ಕ್ಯರು ಜನಕರಾಜನಿಗೆ ಸ್ವಪ್ನದ ವಿಚಾರವನ್ನು ತಿಳಿಸುತ್ತ, ಗಾಢವಾಗಿ ಮಲಗಿದವನನ್ನು ಅವಸರದಿಂದ ಎಬ್ಬಿಸಬಾರದೆಂಬ ಲೋಕದ ಮಾತನ್ನು ನೆನೆಯುತ್ತಾರೆ. ಹಾಗೆ ಎಬ್ಬಿಸಿದರೆ, ಹೊರಗೆ ಹೋದ ಜೀವ ತಾನು ಸೇರಬೇಕಾದ ಎಡೆಗೆ ಸರಿಯಾಗಿ ಮರಳದೆ, ವೈದ್ಯನ ಕೈಗೂ ಸಿಕ್ಕದ ಬೇನೆಯಾದೀತೆಂಬ ಭಯ ಅದರ ಹಿಂದಿದೆ. ಶರೀರಶಾಸ್ತ್ರವಾಗಿ ಇದು ಎಷ್ಟು ಸರಿಯೋ, ಅದನ್ನು ವೈದ್ಯರು ಹೇಳಬೇಕು. ನನ್ನನ್ನು ಕಾಡುತ್ತಿರುವುದು ಇದರೊಳಗಿನ ಧರ್ಮದ ಪ್ರಶ್ನೆ. ಒಬ್ಬನು ಕನಸಿನಲ್ಲಿದ್ದಾನೆ, ಅಲ್ಲಿ ಸುಖವಾಗಿಯೇ ಇದ್ದಾನೆ, ನಾವು ಪಕ್ಕದಲ್ಲಿ ಎಚ್ಚರವಾಗಿ ಕುಳಿತಿದ್ದೇವೆ. ಅವನನ್ನು ಎಬ್ಬಿಸುವ ಹಕ್ಕು ನಮಗುಂಟೆ? ಎಬ್ಬಿಸದೆ ಬಿಡುವ ಹಕ್ಕಾದರೂ ಉಂಟೆ?

ಈ ಪ್ರಶ್ನೆ ನನ್ನ ಮುಂದೆ ಮೊದಲು ಬಂದು ನಿಂತದ್ದು ಉಪನಿಷತ್ತಿನ ಮೂಲಕವಲ್ಲ, ಒಂದು ಸಿನಿಮಾದ ಮೂಲಕ ಎಂದರೆ ಕನ್ನಡ ಪಾಠ ಹೇಳುವ ಮೇಷ್ಟರ ವಿಷಯದಲ್ಲಿ ವಾಚಕರಿಗೆ ಗೌರವ ಕಡಿಮೆಯಾಗಲಾರದೆಂದು ನಂಬಿದ್ದೇನೆ. ಆ ಚಿತ್ರದ ಹೆಸರು ‘ಲೂಸಿಯಾ’. ಪವನ್ ಕುಮಾರ್ ನಿರ್ದೇಶಿಸಿದ ಈ ಕನ್ನಡ ಚಿತ್ರ 2013ರ ಸೆಪ್ಟೆಂಬರ್ 6ರಂದು ಬಿಡುಗಡೆಯಾಯಿತು. ಅದಕ್ಕೆ ಮೊದಲೇ ಜುಲೈ ತಿಂಗಳಲ್ಲಿ ಲಂಡನ್ನಿನ ಭಾರತೀಯ ಚಿತ್ರೋತ್ಸವದಲ್ಲಿ ಪ್ರದರ್ಶಿತವಾಗಿ, ಪ್ರೇಕ್ಷಕರು ಮೆಚ್ಚಿದ ಚಿತ್ರವೆಂಬ ಪ್ರಶಸ್ತಿಯನ್ನೂ ಪಡೆದಿತ್ತು. ಅದರ ಹುಟ್ಟಿನ ಕಥೆಯೂ ಸ್ವಾರಸ್ಯವಾದದ್ದೇ. ಇಂಥ ಕಥೆಗೆ ಹಣ ಹಾಕುವ ನಿರ್ಮಾಪಕರು ದೊರೆಯದಿದ್ದಾಗ ನಿರ್ದೇಶಕರು ನೇರವಾಗಿ ಪ್ರೇಕ್ಷಕರನ್ನೇ ಕೇಳಿದರು. 27 ದಿನಗಳಲ್ಲಿ ನೂರಕ್ಕೂ ಮೇಲ್ಪಟ್ಟ ಜನ ಸೇರಿ 51 ಲಕ್ಷ ರೂಪಾಯಿ ಕೊಟ್ಟರು. ಗುಜರಾತಿನ ಐದು ಲಕ್ಷ ರೈತರು ತಲೆಗೆ ಎರಡೆರಡು ರೂಪಾಯಿ ಹಾಕಿ ಶ್ಯಾಮ್ ಬೆನೆಗಲ್ಲರ ‘ಮಂಥನ್’ ಚಿತ್ರವನ್ನು 1976ರಲ್ಲಿ ಸಾಧ್ಯಗೊಳಿಸಿದ್ದುಂಟು. ಗಲ್ಲಿಗಲ್ಲಿಯಲ್ಲೂ ಚಂದಾ ಎತ್ತಿ ಗಣಪತಿ ಕೂರಿಸುವ ನಮ್ಮ ಊರಿಗೆ ಈ ಪದ್ಧತಿ ಹೊಸದೇನೂ ಅಲ್ಲ. ಆದರೆ ಗಣಪತಿಯ ಚಂದಾ ಕೊಟ್ಟವನಿಗೆ ಚರುಪು ಸಿಕ್ಕುವುದು ಖಂಡಿತ. ಇಲ್ಲಿ ಕೊಟ್ಟವರು ಒಂದು ಕನಸನ್ನು ನಂಬಿ ಕೊಟ್ಟರು.

ಚಿತ್ರದ ಕಥೆಯನ್ನು ಸ್ವಲ್ಪ ಹೇಳದೆ ವಿಧಿಯಿಲ್ಲ. ನೋಡದಿದ್ದವರು ಕ್ಷಮಿಸಬೇಕು. ನಿಕ್ಕಿ ಎಂಬ ಬಡಹುಡುಗನೊಬ್ಬ ಬೆಂಗಳೂರಿನ ಹಳೆಯ ಚಿತ್ರಮಂದಿರವೊಂದರಲ್ಲಿ ಟಾರ್ಚು ಹಿಡಿದು ಪ್ರೇಕ್ಷಕರಿಗೆ ಜಾಗ ತೋರಿಸುವ ಕೆಲಸದವನು. ಹೆಗ್ಗೋಡಿನ ನೀನಾಸಂನಲ್ಲಿ ಪಳಗಿದ ಸತೀಶರು ಈ ಪಾತ್ರವನ್ನು ವಹಿಸಿದ್ದಾರೆ. ಅವನಿಗೆ ರಾತ್ರಿ ನಿದ್ದೆ ಬಾರದು. ಯಾರೋ ಒಂದು ಗುಳಿಗೆ ಕೊಡುತ್ತಾರೆ. ಅದರ ಹೆಸರೇ ಲೂಸಿಯಾ. ಅದನ್ನು ನುಂಗಿ ಮಲಗಿದರೆ ಬೇಕಾದ ಬಾಳನ್ನು ಕನಸಿನಲ್ಲಿ ಬಾಳಬಹುದು. ಒಂದು ರಾತ್ರಿ ಬಿಟ್ಟ ಕನಸು ಮರುರಾತ್ರಿ ಅಲ್ಲಿಂದಲೇ ಮುಂದುವರಿಯುತ್ತದೆ. ಕನಸಿನಲ್ಲಿ ಅವನು ದೊಡ್ಡ ಸಿನಿಮಾ ನಟ. ಎಚ್ಚರದಲ್ಲಿ ಅವನು ಪ್ರೀತಿಸುವ, ಪಿಜ್ಜಾ ಅಂಗಡಿಯಲ್ಲಿ ಕೆಲಸ ಮಾಡುವ ಹುಡುಗಿ ಅಲ್ಲಿಯೂ ಇದ್ದಾಳೆ, ಬೇರೆ ವೇಷದಲ್ಲಿ. ಟಾರ್ಚಿನ ಹುಡುಗನ ಬಾಳು ಬಣ್ಣದಲ್ಲಿದೆ, ನಟನ ಬಾಳು ಕಪ್ಪು ಬಿಳುಪಿನಲ್ಲಿದೆ. ನಾವು ಎರಡು ಗಂಟೆಗೂ ಹೆಚ್ಚು ಕಾಲ ಬಣ್ಣದ್ದನ್ನು ನಿಜವೆಂದೂ ಬಣ್ಣವಿಲ್ಲದ್ದನ್ನು ಕನಸೆಂದೂ ತಿಳಿದು ನೋಡುತ್ತೇವೆ. ಕೊನೆಗೆ ಗೊತ್ತಾಗುತ್ತದೆ, ತಿಳಿದದ್ದು ತಲೆಕೆಳಗೆಂದು. ನಿಜವಾದವನು ನಟ. ಹಣ, ಹೆಸರು, ಜನ ಎಲ್ಲವೂ ಇದ್ದು ನಿದ್ದೆ ಮಾತ್ರ ಇಲ್ಲದ ಆ ನಟನೇ ಗುಳಿಗೆ ನುಂಗಿ, ಟಾರ್ಚು ಹಿಡಿದು ಬದುಕುವ ಬಡವನ ಕನಸು ಕಾಣುತ್ತಿದ್ದನು.

ಚಿತ್ರ ಬಂದ ವಾರವೇ ನಮ್ಮ ತಂದೆತಾಯಿಗಳನ್ನು ಕರೆದುಕೊಂಡು ನೋಡಿ ಬಂದೆ. ನಮ್ಮ ಮನೆ ಬನಶಂಕರಿ ಎರಡನೆಯ ಹಂತದಲ್ಲಿ, 1971ರಲ್ಲಿ ಸ್ಥಾಪಿತವಾದ ಸುಚಿತ್ರಾ ಫಿಲಂ ಸೊಸೈಟಿಯ ಕಟ್ಟಡಕ್ಕೆ ನಡೆದು ಹೋಗುವಷ್ಟು ಹತ್ತಿರ. ಆದ್ದರಿಂದ ಅರ್ಥವಾಗದ ಸಿನಿಮಾಗಳು ನಮ್ಮ ಬೀದಿಯವರಿಗೆ ಹೊಸವಲ್ಲ. ಮನೆಗೆ ಬಂದು ನಾನು ಬಹಳ ಉತ್ಸಾಹದಿಂದ, ಯಾವುದು ನಿಜ ಯಾವುದು ಕನಸು ಎಂದು ವ್ಯಾಖ್ಯಾನಕ್ಕೆ ತೊಡಗಿದೆ. ತಂದೆಯವರು ಚಪ್ಪಲಿ ಬಿಡುತ್ತ, “ಯಾವುದು ನಿಜವಾದರೇನು, ಊಟದ ಹೊತ್ತು ಮೀರಿತು” ಎಂದರು. ತಾಯಿಯವರು ಮಾತ್ರ ಸಾರು ಬಿಸಿಮಾಡುತ್ತ, “ಆ ಹುಡುಗನಿಗೆ ಯಾರಾದರೂ ತಲೆ ತಟ್ಟಿ ಮಲಗಿಸಿದ್ದರೆ ಗುಳಿಗೆ ಯಾಕೆ ಬೇಕಿತ್ತು?” ಎಂದರು. ಆಗ ನಾನು ನಕ್ಕೆ. ವಿಮರ್ಶಕನಾದ ನನಗೆ ಚಿತ್ರದ ರಚನೆಯ ಚಮತ್ಕಾರ ಕಂಡಿತ್ತು. ನಮ್ಮ ತಾಯಿಗೆ ಆ ನಟನ ಒಂಟಿತನ ಕಂಡಿತ್ತು. ಯಾರು ಸರಿಯಾಗಿ ಚಿತ್ರ ನೋಡಿದ್ದರೆಂಬುದು ನನಗೆ ತಿಳಿಯಲು ಕೆಲವು ವರ್ಷ ಬೇಕಾಯಿತು.

*

ಕನಸು ದೊಡ್ಡದೋ ಎಚ್ಚರ ದೊಡ್ಡದೋ ಎಂಬ ಚರ್ಚೆ ನಮ್ಮಲ್ಲಿ ಇಂದು ನಿನ್ನೆಯದಲ್ಲ. ಎಚ್ಚರದ ಲೋಕವೂ ಕನಸಿನಂತೆಯೇ ಎಂದು ಗೌಡಪಾದರು ಮಾಂಡೂಕ್ಯಕಾರಿಕೆಯಲ್ಲಿ ವಾದಿಸುತ್ತಾರೆ. ಅವರ ಪರಂಪರೆಯವರೇ ಆದ ಶಂಕರಾಚಾರ್ಯರು ಬ್ರಹ್ಮಸೂತ್ರಭಾಷ್ಯದಲ್ಲಿ ವಿಜ್ಞಾನವಾದಿಗಳಾದ ಬೌದ್ಧರಿಗೆ ಉತ್ತರ ಕೊಡುವಾಗ ಹಾಗೆನ್ನುವುದಿಲ್ಲ. ಕನಸಿನಲ್ಲಿ ಕಂಡದ್ದನ್ನು ಎಚ್ಚರ ಸುಳ್ಳುಮಾಡುತ್ತದೆ; ಎಚ್ಚರದಲ್ಲಿ ಕಂಡ ಕಂಬವನ್ನು ಇನ್ನಾವ ಅವಸ್ಥೆಯೂ ಹಾಗೆ ಸುಳ್ಳುಮಾಡುವುದಿಲ್ಲ; ಆದ್ದರಿಂದ ಎರಡೂ ಒಂದೇ ಅಲ್ಲ ಎನ್ನುತ್ತಾರೆ. ಪರಮಾರ್ಥದ ಮಾತು ಬೇರೆ, ವ್ಯವಹಾರದ ಮಾತು ಬೇರೆ ಎಂದು ಪಂಡಿತರು ಇವೆರಡನ್ನೂ ಹೊಂದಿಸುತ್ತಾರೆ. ಹಾಲಿನವನಿಗೆ ತಿಂಗಳ ಲೆಕ್ಕ ತೀರಿಸಬೇಕಾದ ನಮ್ಮಂಥವರಿಗೆ ಶಂಕರರ ವ್ಯವಹಾರದ ಮಾತೇ ಆಸರೆ.

ಆದರೆ ಕಥೆಗಾರರು ತತ್ತ್ವಜ್ಞರಿಗಿಂತ ಒಂದು ಹೆಜ್ಜೆ ಮುಂದೆ ಹೋಗಿದ್ದಾರೆ. ಯೋಗವಾಸಿಷ್ಠದಲ್ಲಿ ಲವಣನೆಂಬ ರಾಜನ ಕಥೆ ಬರುತ್ತದೆ. ಆಸ್ಥಾನಕ್ಕೆ ಬಂದ ಇಂದ್ರಜಾಲಿಗ ನವಿಲುಗರಿಯ ಕುಂಚವನ್ನು ಬೀಸುತ್ತಾನೆ. ರಾಜ ಕುಳಿತಲ್ಲೇ ಸ್ವಲ್ಪ ಹೊತ್ತು ಮೈಮರೆಯುತ್ತಾನೆ. ಅಷ್ಟರಲ್ಲಿ ಅವನು ಕಾಡಿಗೆ ಹೋಗಿ, ಚಂಡಾಲರ ಹುಡುಗಿಯನ್ನು ಮದುವೆಯಾಗಿ, ಮಕ್ಕಳನ್ನು ಪಡೆದು, ಎಷ್ಟೋ ವರ್ಷ ಬಾಳಿ, ಕ್ಷಾಮಕ್ಕೆ ಸಿಕ್ಕಿ ಎಲ್ಲವನ್ನೂ ಕಳೆದುಕೊಂಡಿರುತ್ತಾನೆ. ಎಚ್ಚರವಾದಾಗ ಸಭೆ ಹಾಗೆಯೇ ಇದೆ. ಇಲ್ಲಿಗೆ ನಿಲ್ಲಿಸಿದ್ದರೆ ಅದೊಂದು ಚಮತ್ಕಾರದ ಕಥೆಯಾಗುತ್ತಿತ್ತು. ಆದರೆ ಲವಣನಿಗೆ ಸಮಾಧಾನವಿಲ್ಲ. ಅವನು ಆ ಕಾಡನ್ನು ಹುಡುಕಿಕೊಂಡು ಹೋಗುತ್ತಾನೆ. ಅಲ್ಲಿ ಆ ಹಟ್ಟಿಯೂ ಇದೆ. ಸತ್ತ ಮಗಳನ್ನೂ ಅಳಿಯನನ್ನೂ ನೆನೆದು ಅಳುತ್ತಿರುವ ಮುದುಕಿಯೂ ಇದ್ದಾಳೆ. ರಾಜನಿಗೆ ಕನಸಾದದ್ದು ಆ ಮುದುಕಿಗೆ ಕನಸಲ್ಲ. ಈ ಕಥೆ ಓದಿದಾಗಲೆಲ್ಲ ನನ್ನ ಮನಸ್ಸು ರಾಜನಿಗಿಂತ ಅವಳ ಕಡೆಗೇ ಹೋಗುತ್ತದೆ.

ಹರಿಶ್ಚಂದ್ರನ ಕಥೆಯಲ್ಲೂ ಕನಸುಂಟು. ಹಿಂದಿಯ ಭಾರತೇಂದು ಹರಿಶ್ಚಂದ್ರರ ನಾಟಕದಲ್ಲಿ ರಾಜ ಕನಸಿನಲ್ಲಿ ರಾಜ್ಯವನ್ನು ದಾನ ಮಾಡಿ, ಎದ್ದ ಮೇಲೂ ಆ ದಾನಕ್ಕೆ ಕಟ್ಟುಬೀಳುತ್ತಾನೆ. ನಮ್ಮ ರಾಘವಾಂಕನೂ ಬೇಟೆಯಾಡಿ ದಣಿದು ಮಲಗಿದ ಅರಸನಿಗೆ ಕೆಟ್ಟ ಕನಸನ್ನು ಕಾಣಿಸುತ್ತಾನೆ. ಆದರೆ ಅದು ಬರಲಿರುವ ಕೇಡಿನ ಸೂಚನೆ ಮಾತ್ರ. ಅವನ ಹರಿಶ್ಚಂದ್ರನನ್ನು ಕಟ್ಟುವುದು ಎಚ್ಚರದಲ್ಲಿ, ಮುನಿಯ ಎದುರಿನಲ್ಲಿ ಆಡಿದ ಮಾತು. ನನಗೆ ರಾಘವಾಂಕನ ವಿವೇಕ ಹೆಚ್ಚು ಹಿಡಿಸುತ್ತದೆ. ಮಾತಿಗೆ ಎದುರಿಗೊಬ್ಬನು ಬೇಕು. ಎದುರಿಗೆ ಇನ್ನೊಬ್ಬನಿದ್ದಾಗಲೇ ಅದು ಸತ್ಯವೋ ಸುಳ್ಳೋ ಆಗುವುದು.

ಅಮೆರಿಕದ ರಾಬರ್ಟ್ ನೋಜಿಕ್ ಎಂಬ ತತ್ತ್ವಜ್ಞ 1974ರಲ್ಲಿ ಒಂದು ಯಂತ್ರವನ್ನು ಕಲ್ಪಿಸಿದರು. ಅದರೊಳಗೆ ಮಲಗಿದರೆ ನಮಗೆ ಬೇಕಾದ ಅನುಭವವೆಲ್ಲ ದೊರೆಯುತ್ತದೆ. ಅದು ಹುಸಿಯೆಂಬುದೂ ನೆನಪಿನಲ್ಲಿರುವುದಿಲ್ಲ. ನೀವು ಅದರೊಳಗೆ ಹೋಗುತ್ತೀರಾ ಎಂದು ಅವರು ಕೇಳಿದರು. ಸುಖವೊಂದೇ ಬಾಳಿನ ಗುರಿಯಾಗಿದ್ದರೆ ಎಲ್ಲರೂ ಹೋಗಬೇಕು. ಹೋಗಲು ನಾವು ಹಿಂಜರಿಯುವುದರಿಂದಲೇ ನಮಗೆ ಸುಖಕ್ಕಿಂತ ಬೇರೆಯದೂ ಬೇಕಾಗಿದೆ ಎಂಬುದು ಅವರ ವಾದ. ‘ಲೂಸಿಯಾ’ದ ನಟನು ಯಂತ್ರದೊಳಗೆ ಹೋದವನೇ. ಆದರೆ ಅವನು ಅಲ್ಲಿ ಕಂಡದ್ದೇನು? ಅರಮನೆಯನ್ನಲ್ಲ. ಬೈಯುವ ಜನರನ್ನು, ಜೇಬು ಖಾಲಿಯಾದ ಸಂಜೆಗಳನ್ನು, ತನ್ನನ್ನು ಅಷ್ಟು ಸುಲಭವಾಗಿ ಒಪ್ಪದ ಒಬ್ಬ ಹುಡುಗಿಯನ್ನು, ತನ್ನ ಮೇಲೆ ಅಕ್ಕರೆಯುಳ್ಳ ಶಂಕ್ರಣ್ಣನೆಂಬ ಚಿತ್ರಮಂದಿರದ ಮಾಲೀಕನನ್ನು ಕಂಡನು. ಎಚ್ಚರದಲ್ಲಿ ಅವನಿಗೆ ‘ಇಲ್ಲ’ ಎನ್ನುವವರು ಯಾರೂ ಉಳಿದಿರಲಿಲ್ಲ. ಯಾವ ಮನುಷ್ಯನಿಗೆ ಯಾರೂ ‘ಇಲ್ಲ’ ಎನ್ನುವುದಿಲ್ಲವೋ ಅವನು ಎಚ್ಚರವಾಗಿಯೇ ಕನಸಿನಲ್ಲಿದ್ದಾನೆ. ನಟನು ಕನಸಿಗೆ ಓಡಿದ್ದು ಸುಖವನ್ನು ಹುಡುಕಿಕೊಂಡಲ್ಲ, ಎದುರಿಗೊಬ್ಬರು ಬೇಕೆಂದು. ನಮ್ಮ ತಾಯಿ ಸಾರು ಬಿಸಿಮಾಡುತ್ತ ಹೇಳಿದ್ದು ಇದನ್ನೇ.

*

ನಮ್ಮ ತಾಯಿ 2015ರಲ್ಲಿ ತೀರಿಕೊಂಡರು. 2018ರ ಹೊತ್ತಿಗೆ ತಂದೆಯವರಿಗೆ ಮರೆವು ಹತ್ತಿತು. ಮೊದಲು ಹೆಸರುಗಳು ಹೋದವು; ಆಮೇಲೆ ವಾರಗಳು ಹೋದವು; ಬೀಗದ ಕೈ ಅಕ್ಕಿ ಡಬ್ಬದಲ್ಲಿ ಸಿಕ್ಕತೊಡಗಿತು. ಪರೀಕ್ಷಿಸಿದ ವೈದ್ಯರು ಇದು ವಯಸ್ಸಿನ ಮರೆವಲ್ಲ, ಮಿದುಳಿನ ರೋಗ, ನಿಧಾನವಾಗಿ ಹೆಚ್ಚುತ್ತದೆ ಎಂದರು. ಆದರೂ ಬೆಳಿಗ್ಗೆ ಪಾರ್ಕಿನ ಕಲ್ಲುಬೆಂಚಿನ ಮೇಲೆ ನಾಲ್ಕಾರು ಜನ ಸ್ನೇಹಿತರೊಡನೆ ಕೂತು ಬರುವುದು ನಡೆದಿತ್ತು. ಅವರು ಏನಾದರೂ ತಪ್ಪು ಹೇಳಿದರೆ ಆ ಮುದುಕರು, “ಏನ್ರೀ, ನಿನ್ನೆ ನೀವು ಬಂದೇ ಇರಲಿಲ್ಲ” ಎಂದು ಗದರುತ್ತಿದ್ದರು. ಇವರು ನಕ್ಕು ಒಪ್ಪಿಕೊಳ್ಳುತ್ತಿದ್ದರು. ದಿನಕ್ಕೆ ಒಂದು ಗಂಟೆಯ ಆ ಗದರಿಕೆ ಅವರನ್ನು ಈ ಲೋಕಕ್ಕೆ ಕಟ್ಟಿಹಾಕಿದ ಹಗ್ಗವಾಗಿತ್ತೆಂದು ಆಗ ನನಗೆ ತಿಳಿಯಲಿಲ್ಲ.

2020ರ ಮಾರ್ಚ್ 24ರ ರಾತ್ರಿ ದೇಶಕ್ಕೆಲ್ಲ ಬೀಗ ಬಿತ್ತು. ಮೊದಲು 21 ದಿನ ಎಂದರು. ಮುಂದಿನದು ಎಲ್ಲರಿಗೂ ತಿಳಿದಿದೆ. ಪಾರ್ಕಿನ ಗೇಟು ಮುಚ್ಚಿತು. ಬನಶಂಕರಿ ದೇವಸ್ಥಾನದ ಗಂಟೆ ನಿಂತಿತು. ಜಯನಗರದ ಕಡೆಯಿಂದ ಬರುತ್ತಿದ್ದ ವಾಹನಗಳ ಸದ್ದು ಇಲ್ಲವಾಗಿ, ಹಗಲಿನಲ್ಲೇ ಕೋಗಿಲೆ ಕೂಗುವುದು ಕೇಳಿಸುತ್ತಿತ್ತು. ಪತ್ರಿಕೆಗಳು ಇದನ್ನು ಕವಿತೆಯಂತೆ ವರ್ಣಿಸಿದವು. ನಮ್ಮ ಮನೆಯಲ್ಲಿ ಅದು ಕವಿತೆಯಾಗಲಿಲ್ಲ. ಮುಖಕ್ಕೆ ಬಟ್ಟೆ ಕಟ್ಟಿಕೊಂಡು ತರಕಾರಿ ತಂದ ನನ್ನನ್ನು ತಂದೆಯವರು ಯಾರೋ ಕಳ್ಳನೆಂದು ತಿಳಿದು ಕೋಲು ಹಿಡಿದರು.

1950ರ ದಶಕದಲ್ಲಿ ಕೆನಡಾದ ಮೆಕ್‌ಗಿಲ್ ವಿಶ್ವವಿದ್ಯಾನಿಲಯದಲ್ಲಿ ಡೊನಾಲ್ಡ್ ಹೆಬ್ ಎಂಬ ಮನೋವಿಜ್ಞಾನಿಯೂ ಅವರ ಸಂಗಡಿಗರೂ ನಡೆಸಿದ ಪ್ರಯೋಗವೊಂದನ್ನು ಆಮೇಲೆ ಓದಿದೆ. ವಿದ್ಯಾರ್ಥಿಗಳಿಗೆ ದಿನಕ್ಕೆ 20 ಡಾಲರು ಕೊಟ್ಟು ಸುಮ್ಮನೆ ಮಲಗಿರುವಂತೆ ಹೇಳಿದರು. ಕಣ್ಣಿಗೆ ಆಕಾರ ಕಾಣಿಸದ ಮಬ್ಬು ಕನ್ನಡಕ, ಕೈಗೆ ಏನೂ ತಾಕದಂತೆ ಕವಚ, ಕಿವಿಗೆ ಯಂತ್ರದ ಒಂದೇ ಸಮನಾದ ಮೊರೆತ. ಊಟ ನಿದ್ದೆಗಳಿಗೆ ಕೊರತೆಯಿಲ್ಲ. ಆ ಕಾಲಕ್ಕೆ ಅದು ಒಳ್ಳೆಯ ಸಂಬಳ. ಆದರೂ ಹೆಚ್ಚಿನವರು ಎರಡು ಮೂರು ದಿನಗಳಿಗಿಂತ ಮುಂದೆ ತಾಳಲಾರದೆ ಹೋದರು. ಆರೋಗ್ಯವಂತರಾದ ಆ ಹುಡುಗರಿಗೆ ಇಲ್ಲದ್ದೆಲ್ಲ ಕಾಣತೊಡಗಿತು. ಒಬ್ಬನಿಗೆ ಹೆಗಲ ಮೇಲೆ ಚೀಲ ಹೊತ್ತ ಅಳಿಲುಗಳು ಸಾಲಾಗಿ ಹೊರಟದ್ದು ಕಂಡಿತಂತೆ. ಲೋಕ ನಮ್ಮನ್ನು ಮುಟ್ಟುವುದನ್ನು ನಿಲ್ಲಿಸಿದರೆ ಮನಸ್ಸು ತಾನೇ ಲೋಕವನ್ನು ಹೊಸೆಯುತ್ತದೆ. ನಿಜವನ್ನು ನಾವು ಕಣ್ಣುಗಳಿಂದ ಕಾಣುತ್ತೇವೆಂದು ತಿಳಿದಿದ್ದೇವೆ. ಬಹುಪಾಲು ಕಾಣುವುದು ಸಹವಾಸದಿಂದ. ಇಪ್ಪತ್ತರ ತರುಣರ ಗತಿಯೇ ಹೀಗಾದರೆ, ಎಂಬತ್ತಕ್ಕೆ ಹತ್ತಿರವಾದ, ಮೊದಲೇ ಸವೆದ ಮನಸ್ಸಿನ ಗತಿಯೇನು?

ಏಪ್ರಿಲ್ ತಿಂಗಳ ಒಂದು ಸಂಜೆ ತಂದೆಯವರು ಇಸ್ತ್ರಿ ಮಾಡಿದ ಷರಟು ಹಾಕಿಕೊಂಡು, ಹಳೆಯ ಟಾರ್ಚನ್ನು ಕೈಯಲ್ಲಿ ಹಿಡಿದು ಬಾಗಿಲ ಬಳಿ ನಿಂತಿದ್ದರು. ಎಲ್ಲಿಗೆಂದು ಕೇಳಿದೆ. “ನಂದಾ ಟಾಕೀಸಿಗೆ. ನಿಮ್ಮಮ್ಮ ಟಿಕೆಟ್ಟು ತಗೊಂಡು ಕಾಯುತ್ತಿರುತ್ತಾಳೆ. ಫಸ್ಟ್ ಷೋ ಶುರುವಾಗುತ್ತೆ” ಎಂದರು. ಜಯನಗರದ ನಂದಾ ಚಿತ್ರಮಂದಿರ ನಮ್ಮ ಭಾಗದ ಎಷ್ಟು ಸಂಸಾರಗಳ ಶನಿವಾರಗಳನ್ನು ನುಂಗಿತ್ತೋ ಲೆಕ್ಕವಿಲ್ಲ. ಈಗ ಅಲ್ಲಿ ಆ ಚಿತ್ರಮಂದಿರವಿಲ್ಲ; ಅಂದಂತೂ ಊರಿನಲ್ಲಿ ಯಾವ ಚಿತ್ರಮಂದಿರವೂ ತೆರೆದಿರಲಿಲ್ಲ. ನಾನು ಸತ್ಯವನ್ನೇ ಹೇಳಿದೆ. ಅಮ್ಮ ತೀರಿಕೊಂಡು ಐದು ವರ್ಷವಾಗುತ್ತ ಬಂತೆಂದೆ. ಅವರು ನನ್ನ ಮುಖವನ್ನೇ ನೋಡಿದರು. ಆ ಸುದ್ದಿಯನ್ನು ಅವರು ಕೇಳಿದ್ದು ಅದೇ ಮೊದಲು. ಮಗುವಿನಂತೆ ಅತ್ತರು. ನನಗೇಕೆ ಹೇಳಲಿಲ್ಲ, ಕೊನೆಗೊಮ್ಮೆ ಮುಖ ನೋಡಲು ಬಿಡಲಿಲ್ಲವಲ್ಲ ಎಂದು ನನ್ನನ್ನು ಕೇಳಿದರು. ಚಿತೆಗೆ ಬೆಂಕಿಯಿಡುವಾಗ ನನ್ನ ಪಕ್ಕದಲ್ಲಿ ನಿಂತಿದ್ದವರು ಅವರೇ.

ಅರ್ಧ ಗಂಟೆಯಲ್ಲಿ ಅತ್ತ ಕಾರಣ ಮರೆತುಹೋಯಿತು. ದುಃಖ ಮಾತ್ರ ರಾತ್ರಿಯೆಲ್ಲ ಉಳಿಯಿತು. ಮರುದಿನ ಸಂಜೆ ಮತ್ತೆ ಷರಟು, ಮತ್ತೆ ಟಾರ್ಚು.

ಸತ್ಯವನ್ನು ಹೇಳಬೇಕೆಂದು ನಾನು ಇಪ್ಪತ್ತು ವರ್ಷ ತರಗತಿಯಲ್ಲಿ ಹುಡುಗರಿಗೆ ಬೋಧಿಸಿದವನು. ಗೋವಿನ ಹಾಡನ್ನು ಕಣ್ಣೀರು ಬರುವಂತೆ ಪಾಠ ಮಾಡಿದವನು. ಆದರೆ ಪ್ರತಿ ಸಂಜೆಯೂ ಒಬ್ಬ ಮುದುಕನಿಗೆ ಹೆಂಡತಿ ಸತ್ತ ಸುದ್ದಿಯನ್ನು ಹೊಸದಾಗಿ ಹೇಳುವುದೇ ಸತ್ಯವಾದರೆ ಆ ಸತ್ಯಕ್ಕೂ ಕ್ರೌರ್ಯಕ್ಕೂ ಏನು ಅಂತರ? ಎರಡನೆಯ ಸಂಜೆ ನಾನು ಸುಳ್ಳು ಹೇಳಿದೆ. “ಇವತ್ತು ಟಿಕೆಟ್ಟು ಸಿಕ್ಕಲಿಲ್ಲವಂತೆ, ಅಮ್ಮ ಚಿಕ್ಕಮ್ಮನ ಮನೆಗೆ ಹೋದಳು, ನಾಳೆ ಬರುತ್ತಾಳೆ” ಎಂದೆ. ಅವರು ಷರಟು ಬಿಚ್ಚಿ, ಸಮಾಧಾನದಿಂದ ಅನ್ನ ಉಂಡು ಮಲಗಿದರು. ನನಗೆ ನಿದ್ದೆ ಬರಲಿಲ್ಲ.

ಇಂಥ ರೋಗಿಗಳ ಆರೈಕೆಯಲ್ಲಿ ಈ ವಿಚಾರವಾಗಿ ಎರಡು ಪಕ್ಷಗಳುಂಟೆಂದು ಆಮೇಲೆ ತಿಳಿಯಿತು. ಒಂದು ಕಾಲದಲ್ಲಿ ಪಾಶ್ಚಾತ್ಯ ಆಸ್ಪತ್ರೆಗಳಲ್ಲಿ ಗೋಡೆಗೆ ದೊಡ್ಡ ಹಲಗೆ ಹಾಕಿ, ಇಂದು ಯಾವ ವಾರ, ಯಾವ ತಾರೀಖು, ಈ ಊರು ಯಾವುದು ಎಂದು ರೋಗಿಗಳಿಗೆ ಮತ್ತೆ ಮತ್ತೆ ನೆನಪಿಸುತ್ತಿದ್ದರು. ನವೋಮಿ ಫೀಲ್ ಎಂಬ ಸಮಾಜಸೇವಕಿ, 1960ರ ದಶಕದಿಂದ ವೃದ್ಧರ ನಡುವೆ ಕೆಲಸ ಮಾಡುತ್ತ, ಈ ತಿದ್ದುವಿಕೆ ಅವರನ್ನು ಇನ್ನಷ್ಟು ಒಳಕ್ಕೆ ತಳ್ಳುತ್ತದೆಂದು ಕಂಡುಕೊಂಡರು. ಅವರ ಮಾತಿನ ಹಿಂದಿರುವ ಭಾವವನ್ನು ಹಿಡಿಯಬೇಕು, ತಿದ್ದಲೂ ಬಾರದು, ಸುಳ್ಳನ್ನೂ ಹೆಣೆಯಬಾರದು ಎಂಬುದು ಆಕೆಯ ದಾರಿ. ನನ್ನ ಮೊದಲನೆಯ ಸಂಜೆ ಹಲಗೆಯ ಪಕ್ಷದ್ದು. ಎರಡನೆಯ ಸಂಜೆ ಯಾವ ಪಕ್ಷದ್ದೂ ಅಲ್ಲ, ನನ್ನ ದಣಿವಿನದು.

*

ಸುಳ್ಳಿಗೆ ಒಂದು ಗುಣವುಂಟು. ಮೊದಲ ಸಲ ಅದು ಕರುಣೆಯಿಂದ ಬರುತ್ತದೆ. ಆಮೇಲೆ ಅನುಕೂಲದಿಂದ ಬರುತ್ತದೆ. ಬಂದದ್ದು ಯಾವುದರಿಂದ ಎಂದು ಹೇಳಿದವನಿಗೇ ತಿಳಿಯದು. ‘ನಾಳೆ ಬರುತ್ತಾಳೆ’ ಎಂಬ ಮಾತು ನನ್ನ ಕೈಯಲ್ಲಿ ಒಂದು ಬೀಗದ ಕೈಯಾಯಿತು. ತಂದೆಯವರು ಸ್ನಾನಕ್ಕೆ ಒಲ್ಲೆನೆಂದರೆ, ‘ನಾಳೆ ಅಮ್ಮ ಬರುತ್ತಾಳೆ, ಶುಚಿಯಾಗಿರಬೇಡವೆ?’ ಮಾತ್ರೆಗೆ ಒಲ್ಲೆನೆಂದರೆ ಅದೇ ಮಾತು. ನಾನು ಪಾಠದ ಟಿಪ್ಪಣಿ ಬರೆಯಬೇಕು, ಅವರು ಸುಮ್ಮನೆ ಕೂರಬೇಕು ಎಂದರೂ ಅದೇ ಮಾತು. ಸತ್ತ ತಾಯಿಯನ್ನು ನಾನು ಮನೆಗೆಲಸಕ್ಕೆ ಹಚ್ಚಿದ್ದೆ.

ಕೊನೆಗೆ ನಡೆದದ್ದನ್ನು ಬರೆಯಲು ನಾಚಿಕೆಯಾಗುತ್ತದೆ. ಆದರೆ ಬರೆಯದಿದ್ದರೆ ಈ ಪ್ರಬಂಧಕ್ಕೆ ಅರ್ಥವಿಲ್ಲ. ಅವರ ಹೆಸರಿನ ಠೇವಣಿಯ ಹಣ ಅವರ ಚಿಕಿತ್ಸೆಗೇ ಬೇಕಾಗಿತ್ತು. ಅದಕ್ಕೆ ಅವರ ರುಜು ಬೇಕು. ಕ್ರಮವಾದ ದಾರಿಗಳಿದ್ದವು, ಅವು ನಿಧಾನವಾದವು, ನನ್ನ ತಂಗಿಯೊಡನೆ ಕುಳಿತು ಮಾತಾಡಬೇಕಾದವು. ನಾನು ಕಾಗದವನ್ನು ಮುಂದಿಟ್ಟು, “ಇಲ್ಲಿ ರುಜು ಮಾಡಿ, ಅಮ್ಮನಿಗೆ ಊರಿಂದ ಬರಲು ರೈಲು ಟಿಕೆಟ್ಟು ತೆಗೆಸಬೇಕು” ಎಂದೆ. ಬೇರೆ ಯಾವ ಕಾಗದಕ್ಕೂ ನಡುಗುತ್ತಿದ್ದ ಆ ಕೈ ಅಂದು ನಡುಗಲಿಲ್ಲ. ದುಂಡಗೆ ಹೆಸರು ಬರೆದು, “ಕಿಟಕಿ ಪಕ್ಕದ ಸೀಟು ಕೇಳು, ಅವಳಿಗೆ ಗಾಳಿ ಬೇಕು” ಎಂದರು.

ಹಣ ಅವರ ಔಷಧಕ್ಕೇ ಹೋಯಿತು. ಒಂದು ಪೈಸೆಯೂ ನನಗೆ ಬರಲಿಲ್ಲ. ಕಾನೂನಿನ ಮಾತು ಬಿಡಿ, ಲೋಕದ ಕಣ್ಣಿಗೆ ಇದರಲ್ಲಿ ದೊಡ್ಡ ತಪ್ಪೂ ಕಾಣಲಾರದು. ಆದರೆ ಅಂದು ರಾತ್ರಿ ತಂಗಿ ಫೋನು ಮಾಡಿ ಅಪ್ಪ ಹೇಗಿದ್ದಾರೆಂದು ಕೇಳಿದಾಗ ಎಲ್ಲವನ್ನೂ ಹೇಳಿದ ನಾನು ಇದೊಂದನ್ನು ಹೇಳಲಿಲ್ಲ. ‘ಟಿಕೆಟ್ಟು ಸಿಕ್ಕಲಿಲ್ಲ’ ಎಂದ ಮೊದಲ ಸುಳ್ಳನ್ನು ಅವಳಿಗೆ ಹೇಳಿ ಇಬ್ಬರೂ ಅತ್ತಿದ್ದೆವು. ಈ ಸುಳ್ಳನ್ನು ಹೇಳಲು ನಾಲಗೆ ಏಳಲಿಲ್ಲ. ಎರಡು ಸುಳ್ಳುಗಳ ನಡುವಿನ ವ್ಯತ್ಯಾಸ ನನಗೆ ಗೊತ್ತಾದದ್ದು ಆಗ. ಕಾಯಿಲೆಯಿಂದ ಒಬ್ಬರು ಕನಸಿನ ಒಳಗೆ ಒಂಟಿಯಾಗಿದ್ದರು. ಈಗ ಅವರ ಕನಸನ್ನು ಬಳಸಿಕೊಂಡ ನಾನೂ ಹೊರಗೆ ಒಂಟಿಯಾಗಿದ್ದೆ. ಮೂರನೆಯವರ ಮುಂದೆ ಹೇಳಲಾಗದ ಕರುಣೆ ಕರುಣೆಯಲ್ಲವೆಂದು ಅಂದಿನಿಂದ ನಂಬಿದ್ದೇನೆ.

ಮರುದಿನ ತಂಗಿಗೆ ಫೋನು ಮಾಡಿ ಹೇಳಿದೆ. ಅವಳು ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ, “ಅಮ್ಮನ ಹೆಸರನ್ನು ಇನ್ನು ಯಾತಕ್ಕೂ ಬಳಸಬೇಡ” ಎಂದಳು. ‘ಇಲ್ಲ’ ಎನ್ನುವ ಒಬ್ಬರು ನನಗೂ ಬೇಕಾಗಿದ್ದರು.

ಆ ಸಂಜೆ ತಂದೆಯವರು ಟಾರ್ಚು ಹಿಡಿದು ನಿಂತಾಗ ನಾನು ಸತ್ಯವನ್ನೂ ಹೇಳಲಿಲ್ಲ, ಸುಳ್ಳನ್ನೂ ಹೇಳಲಿಲ್ಲ. ಯಾವ ಸಿನಿಮಾ ಎಂದು ಕೇಳಿದೆ. ಅವರು ಯೋಚಿಸಿದರು, ಹೆಸರು ನೆನಪಾಗಲಿಲ್ಲ. ಅಮ್ಮ ಯಾವ ಸೀರೆ ಉಟ್ಟಿರುತ್ತಾಳೆಂದು ಕೇಳಿದೆ. ಅದು ನೆನಪಿತ್ತು. ಹಸಿರು, ಅಂಚಿಗೆ ಕೆಂಪು. ಇಂಟರ್ವಲ್ಲಿನಲ್ಲಿ ಕಡಲೆಕಾಯಿ ಕೊಡಿಸದಿದ್ದರೆ ಸಿಟ್ಟಾಗುತ್ತಾಳೆಂದರು. ಹೇಳುತ್ತ ಹೇಳುತ್ತ ಕುರ್ಚಿಯ ಮೇಲೆ ಕುಳಿತರು. ಸ್ವಲ್ಪ ಹೊತ್ತಿನ ಮೇಲೆ ತಾವಾಗಿಯೇ, “ಅವಳು ಇಲ್ಲ, ಅಲ್ಲವೆ?” ಎಂದರು. “ಹೌದು” ಎಂದೆ. ಅಂದೂ ಅತ್ತರು, ಆದರೆ ಅದು ಮೊದಲ ದಿನದ ಅಳುವಾಗಿರಲಿಲ್ಲ. ನಾನು ಅವರ ಪಕ್ಕದಲ್ಲಿ ಕುಳಿತಿದ್ದೆ. ನಮ್ಮ ತಾಯಿ ಹೇಳಿದ್ದು ನೆನಪಾಗಿ, ಮಲಗುವಾಗ ಅವರ ತಲೆ ತಟ್ಟಿದೆ.

ಪ್ರತಿ ಸಂಜೆಯೂ ಹೀಗೆ ನಡೆಯಿತೆಂದು ಹೇಳಲಾರೆ. ಸಹನೆ ತಪ್ಪಿದ ದಿನಗಳು ಇದ್ದವು. ಆ ಪ್ರಶ್ನೆಯನ್ನು ಅವರು ಮತ್ತೆ ಕೇಳದ ದಿನಗಳೇ ಹೆಚ್ಚು. 2022ರಲ್ಲಿ ಅವರು ತೀರಿಕೊಂಡರು.

*

ಈಚೆಗೆ ಮಗಳ ಗಣಕಯಂತ್ರದಲ್ಲಿ ‘ಲೂಸಿಯಾ’ವನ್ನು ಮತ್ತೊಮ್ಮೆ ನೋಡಿದೆ. ಸಿನಿಮಾ ಕೊನೆಗೊಂಡಾಗ ಮಗಳು, ಹಿಂದೆ ನಾನು ಹಿಡಿದಿದ್ದ ಪ್ರಶ್ನೆಯನ್ನೇ ಹಿಡಿದು, ಯಾವುದು ನಿಜವೆಂದು ವಾದಕ್ಕೆ ನಿಂತಳು. ನನಗೆ ಆ ಪ್ರಶ್ನೆಯಲ್ಲಿ ಮೊದಲಿನ ಆಸಕ್ತಿ ಉಳಿದಿರಲಿಲ್ಲ. ಯಂತ್ರಗಳ ನಡುವೆ ಎಚ್ಚರ ತಪ್ಪಿ ಮಲಗಿದ ಆ ಮನುಷ್ಯನ ಹಾಸಿಗೆಯ ಪಕ್ಕದಲ್ಲಿ ಯಾರು ಕುಳಿತಿದ್ದಾರೆ, ಏಕೆ ಕುಳಿತಿದ್ದಾರೆ ಎಂಬುದನ್ನೇ ನೋಡುತ್ತಿದ್ದೆ.

ಮೊದಲು ಎತ್ತಿದ ಪ್ರಶ್ನೆಗೆ ನನಗೆ ತೋರಿದ ಉತ್ತರವನ್ನು ಹೇಳಿ ಮುಗಿಸುತ್ತೇನೆ. ಎಬ್ಬಿಸುವ ಹಕ್ಕು ಸತ್ಯವನ್ನು ಬಲ್ಲವನಿಗೆಲ್ಲ ತಾನಾಗಿ ಬರುವುದಲ್ಲ. ಎದ್ದವನ ಅಳುವಿನ ಪಕ್ಕದಲ್ಲಿ ಕುಳಿತುಕೊಳ್ಳಲು ಸಿದ್ಧನಾದವನ ಪಾಲಿಗೆ ಮಾತ್ರ ಬರುತ್ತದೆ. ಸತ್ಯವನ್ನು ಹೇಳಿ ಎದ್ದುಹೋಗುವವನು ಸತ್ಯವನ್ನಲ್ಲ, ಕಲ್ಲನ್ನು ಕೊಟ್ಟುಹೋಗುತ್ತಾನೆ. ಹಾಗೆಯೇ ಕನಸಿನಲ್ಲಿ ಬಿಟ್ಟುಬಿಡುವ ಹಕ್ಕೂ ಎಲ್ಲರಿಗಿಲ್ಲ. ಆ ಕನಸಿನಿಂದ ತನಗೇನೂ ಲಾಭ ಬೇಡದವನಿಗೆ, ಬಿಟ್ಟೆನೆಂಬುದನ್ನು ನಾಲ್ಕು ಜನರ ಮುಂದೆ ಹೇಳಬಲ್ಲವನಿಗೆ ಮಾತ್ರ ಅದು ಉಂಟು. ಇದು ಮುದುಕರ ಮರೆವಿಗೆ ಮಾತ್ರ ಅನ್ವಯಿಸುವ ಮಾತೆಂದು ನಾನು ತಿಳಿದಿಲ್ಲ. ಕೈಯಲ್ಲೊಂದು ಫೋನು ಹಿಡಿದು, ತಾನು ಒಪ್ಪುವ ಮಾತನ್ನೇ ಕೇಳುತ್ತ, ತನಗೆ ಹಿಡಿಸುವ ಚಿತ್ರಗಳನ್ನೇ ನೋಡುತ್ತ, ‘ಇಲ್ಲ’ ಎನ್ನುವವರನ್ನೆಲ್ಲ ಬೆರಳ ತುದಿಯಿಂದ ಆಚೆಗೆ ತಳ್ಳುವ ನಾವೆಲ್ಲರೂ ದಿನಕ್ಕೊಂದು ಲೂಸಿಯಾ ಗುಳಿಗೆ ನುಂಗುತ್ತಿದ್ದೇವೆ. ನಮ್ಮನ್ನು ಎಬ್ಬಿಸುವವರು ಗದರುತ್ತಾರೆಯೇ ಹೊರತು ಪಕ್ಕದಲ್ಲಿ ಕೂರುವುದಿಲ್ಲ. ಎಬ್ಬಿಸದೆ ಬಿಟ್ಟವರಿಗಂತೂ ನಮ್ಮ ಕನಸಿನಿಂದ ಬೇಕಾದಷ್ಟು ಲಾಭವಿದೆ.

ಚಿತ್ರಮಂದಿರದ ಟಾರ್ಚಿನ ಹುಡುಗನ ಕೆಲಸ ಸಣ್ಣದೆಂದು ನಾವು ತಿಳಿಯುತ್ತೇವೆ. ಕತ್ತಲಲ್ಲಿ ತಡವಾಗಿ ಬಂದವನನ್ನು ಅವನು ಗದರುವುದಿಲ್ಲ. ತೆರೆಯ ಮೇಲಿನದು ಸುಳ್ಳೆಂದು ಉಪದೇಶಿಸುವುದೂ ಇಲ್ಲ. ಬೆಳಕನ್ನು ಕಣ್ಣಿಗೆ ಹಿಡಿಯದೆ ಕಾಲ ಬಳಿ ಹಿಡಿದು, ಮೆಟ್ಟಿಲಿದೆ ನೋಡಿ ಎನ್ನುತ್ತಾನೆ. ನಮ್ಮ ತಂದೆಯವರ ಟಾರ್ಚು ಈಗಲೂ ಬಾಗಿಲ ಪಕ್ಕದ ಮೊಳೆಗೆ ನೇತಾಡುತ್ತಿದೆ. ವಿದ್ಯುತ್ತು ಹೋದಾಗ ಮಗಳು ಅದನ್ನು ತೆಗೆದುಕೊಳ್ಳುತ್ತಾಳೆ. ತಿಂಗಳಿಗೊಮ್ಮೆ ನಾನು ಅದರ ಸೆಲ್ಲು ಬದಲಾಯಿಸುತ್ತೇನೆ.